ಮಾನ್ವಿಗೆ ಮೊದಲೇ ತಿಳಿಯುತ್ತಿದ್ದ ಫಲಿತಾಂಶ

2021ರಲ್ಲಿ ನಾನು ರಾಯಚೂರಿನ ಒಂದು ಕೇಬಲ್ ಚಾನೆಲ್ಲಿನಲ್ಲಿ ವಿಡಿಯೋ ಎಡಿಟರ್ ಆಗಿದ್ದೆ. ಹೆಸರಿಗೆ ಎಡಿಟರ್. ಚಿತ್ರ ಕತ್ತರಿಸಿ ಜೋಡಿಸುವುದು, ಕೆಳಗೆ ಹೆಸರು ಓಡಿಸುವುದು, ಶ್ರದ್ಧಾಂಜಲಿ ಜಾಹೀರಾತು ತಯಾರಿಸುವುದು, ಕರೆಂಟು ಹೋದರೆ ಜನರೇಟರ್ ಚಾಲೂ ಮಾಡಿಸುವುದು ಎಲ್ಲವೂ ಅದರಲ್ಲಿ ಸೇರಿತ್ತು. ನನ್ನ ಮೇಜಿನ ಪಕ್ಕದ ಗಾಜಿನ ಕೋಣೆಯಲ್ಲಿ ಕೂತು ಆಟಗಳ ಕಾಮೆಂಟರಿ ಹೇಳುತ್ತಿದ್ದವರು ಪಂಪಾಪತಿ ಸರ್. ಅವರು ತೀರಿಕೊಂಡು ಕೆಲವು ತಿಂಗಳಾದವು. ಅವರ ಬಗ್ಗೆ ಏನಾದರೂ ಬರೆಯಿರಿ ಎಂದು ಹಲವರು ಹೇಳಿದರು. ಅವರ ಇಡೀ ಬದುಕನ್ನು ಬರೆಯುವುದು ನನ್ನಿಂದ ಆಗದು. ನಾನು ಜೊತೆಗಿದ್ದು ಕಂಡ ಒಂದು ಸಂಗತಿಯನ್ನು ಮಾತ್ರ ಬರೆಯುತ್ತೇನೆ.

ಸರ್ ಮೊದಲು ಒಂದು ಹೈಸ್ಕೂಲಿನಲ್ಲಿ ಪಿ.ಟಿ. ಮಾಸ್ತರರಾಗಿದ್ದರು. ಊರಿಗೆ ಕೇಬಲ್ ಬಂದ ಹೊಸತರಲ್ಲಿ ಚಾನೆಲ್ಲಿನ ಮಾಲಕರಿಗೆ ಕ್ರಿಕೆಟ್ ಸ್ಕೋರು ಓದುವವರು ಬೇಕಾಗಿದ್ದರು. ಒಂದು ಸಂಜೆಯ ಮಟ್ಟಿಗೆ ಎಂದು ಬಂದವರು ಇಪ್ಪತ್ತು ವರ್ಷಕ್ಕೂ ಮೇಲ್ಪಟ್ಟು ಉಳಿದರು. ಕಬಡ್ಡಿ, ವಾಲಿಬಾಲ್, ಕುಸ್ತಿ, ಎತ್ತುಗಳು ಕಲ್ಲು ಎಳೆಯುವ ಪಂದ್ಯ, ಜಿಲ್ಲೆಯಲ್ಲಿ ಎಲ್ಲಿ ಜನ ಸುತ್ತುಗಟ್ಟಿ ಕೂಗುತ್ತಿದ್ದರೋ ಅಲ್ಲಿ ಅವರ ಮೈಕು ಇರುತ್ತಿತ್ತು. ಅವರ ಮುಖ ಟಿ.ವಿ.ಯಲ್ಲಿ ಹೆಚ್ಚು ಕಾಣುತ್ತಿರಲಿಲ್ಲ. ಆದರೆ ಸಂತೆಯಲ್ಲಿ ಬದನೆಕಾಯಿಯ ದರ ಕೇಳಿದರೂ ಮಾರುವವಳು ತಲೆ ಎತ್ತಿ, "ಟೀವ್ಯಾಗಿನ ಸರ್ ಏನ್ರಿ?" ಎನ್ನುತ್ತಿದ್ದಳು. ಅವರ ದನಿ ಅಷ್ಟು ಪರಿಚಿತ.

ಆ ವರ್ಷ ಕೊರೋನಾದ ಎರಡನೆಯ ಅಲೆ ಇಳಿದು ಬಸ್ಸು, ಹೋಟೆಲು ಶುರುವಾಗಿದ್ದವು. ಟೂರ್ನಮೆಂಟುಗಳಿಗೆ ಮಾತ್ರ ಪರವಾನಗಿ ಸಿಗುತ್ತಿರಲಿಲ್ಲ. ತೋರಿಸಲು ಆಟವೇ ಇಲ್ಲ. ಆಗ ಸರ್‌ಗೆ ಕಬ್ಬಿಣದ ಕಪಾಟಿನಲ್ಲಿದ್ದ ಹಳೆಯ ಕ್ಯಾಸೆಟ್ಟುಗಳು ನೆನಪಾದವು. ಹದಿನೈದು, ಇಪ್ಪತ್ತು ವರ್ಷಗಳ ಹಿಂದೆ ದೇವದುರ್ಗ, ಮಾನ್ವಿ, ಕವಿತಾಳ, ಚಂದ್ರಬಂಡದ ತಂಡಗಳು ಆಡಿದ ಕಬಡ್ಡಿ ಪಂದ್ಯಗಳು ಅವು. ಚಿತ್ರ ಇನ್ನೂ ಚೆನ್ನಾಗಿತ್ತು. ದನಿ ಕೆಟ್ಟಿತ್ತು. ಆ ಕಾಲದಲ್ಲಿ ಸರ್ ಮೈದಾನದ ಲೌಡ್‌ಸ್ಪೀಕರಿನಲ್ಲಿ ಹೇಳಿದ್ದ ಕಾಮೆಂಟರಿ ಕ್ಯಾಮೆರಾದಲ್ಲಿ ಬರೀ ಗುಂಯ್ ಎಂಬ ಸದ್ದಾಗಿ ಉಳಿದಿತ್ತು. ಹಾಗಾಗಿ ವಾಯ್ಸ್ ಓವರ್ ಮಾಡುವುದೆಂದು ನಿಶ್ಚಯವಾಯಿತು. ವಾಯ್ಸ್ ಓವರ್ ಎಂದರೆ ಚಿತ್ರವನ್ನು ನೋಡುತ್ತ ಅದಕ್ಕೆ ಹೊಸದಾಗಿ ದನಿ ಸೇರಿಸುವುದು. ನಾನು ಕ್ಯಾಸೆಟ್ಟನ್ನು ಕಂಪ್ಯೂಟರಿಗೆ ಇಳಿಸುತ್ತಿದ್ದೆ, ಸರ್ ಒಮ್ಮೆ ಪೂರ್ತಿ ಆಟ ನೋಡುತ್ತಿದ್ದರು, ಆಮೇಲೆ ಗಾಜಿನ ಕೋಣೆಗೆ ಹೋಗಿ ಕಣ್ಣ ಮುಂದೆ ಈಗಲೇ ನಡೆಯುತ್ತಿದೆ ಎಂಬಂತೆ ಹೇಳುತ್ತಿದ್ದರು. ಮರುದಿನ ಸಂಜೆ ಪ್ರಸಾರ.

ಜನ ಮುಗಿಬಿದ್ದು ನೋಡಿದರು. ಯಾರು ಗೆದ್ದಿದ್ದರೆಂಬುದು ಆಡಿದವರಿಗೇ ಮರೆತುಹೋಗಿತ್ತು. "ನಮ್ಮ ಕಾಕಾ ಅದಾನ್ರಿ ಅದರಾಗ, ತಲಿ ತುಂಬ ಕೂದಲಾ!" ಎಂದು ಫೋನು ಮಾಡಿ ನಗುವವರಿದ್ದರು. ಈ ಮರೆವೇ ಗಂಡಾಂತರಕ್ಕೆ ದಾರಿಯಾಯಿತು. ಫಲಿತಾಂಶ ಗೊತ್ತಿಲ್ಲದ ಆಟವೆಂದ ಮೇಲೆ ಪಂಥ ಕಟ್ಟುವವರು ಹುಟ್ಟಿಕೊಂಡರು. ಮೊದಲು ಮಿರ್ಚಿ ಭಜಿಗೆ, ಚಹಾಕ್ಕೆ. ಆಮೇಲೆ ದೊಡ್ಡದಕ್ಕೆ.

ಒಂದು ದಿನ ಚಂದ್ರಬಂಡದ ಒಬ್ಬಾತ ನೇರವಾಗಿ ನಮ್ಮ ಆಫೀಸಿಗೆ ಬಂದ. ಮಾನ್ವಿಯಲ್ಲಿ ಹೆಂಡತಿಯ ತವರಿಗೆ ಹೋದವನು ಅಲ್ಲಿ ಹೋಟೆಲಿನಲ್ಲಿ ಆಟ ನೋಡುತ್ತ ಮೋಟರ್ ಸೈಕಲ್ಲನ್ನೇ ಪಂಥಕ್ಕೆ ಇಟ್ಟು ಕಳೆದುಕೊಂಡಿದ್ದ.

"ಮಾನ್ವಿಯೋರು ಪಂಥದಾಗ ಒಂದು ದಿನಾನೂ ಸೋಲಂಗಿಲ್ಲರೀ," ಎಂದು ಅವನು ಮಾಲಕರ ಮೇಜು ಕುಟ್ಟಿದ. "ನಿಮ್ಮ ಆಫೀಸಿನಿಂದಾನ ಯಾರೋ ಹೇಳಾಕತ್ತಾರ. ನಾ ಪೊಲೀಸ್ ಸ್ಟೇಷನ್ನಿಗೆ ಹೋಗಾಂವ."

ಮಾಲಕರು ಅಕ್ಕಿ ಗಿರಣಿ ನಡೆಸುವವರು. ಚಾನೆಲ್ಲು ಅವರಿಗೆ ಲಾಭಕ್ಕಿಂತ ಗೌರವದ ವಿಷಯ. ಬೆಟ್ಟಿಂಗಿನಲ್ಲಿ ಹೆಸರು ಬಂದರೆ ಎರಡೂ ಹೋಗುತ್ತವೆ ಎಂದು ಹೆದರಿದರು. ಅವನನ್ನು ಸಮಾಧಾನ ಮಾಡಿ ಕಳಿಸಿ ನಮ್ಮಿಬ್ಬರನ್ನೂ ಕರೆದರು. ಕ್ಯಾಸೆಟ್ಟು ಮೊದಲೇ ನೋಡುತ್ತಿದ್ದವರು ನಾನು ಮತ್ತು ಸರ್, ಇಬ್ಬರೇ. ಮಾಲಕರ ಕಣ್ಣು ನನ್ನ ಮೇಲೆಯೇ ಇತ್ತು. ಅದಕ್ಕೆ ಕಾರಣವೂ ಇತ್ತು. ನನ್ನ ಗಂಡನ ಊರು ಮಾನ್ವಿ. ನನ್ನ ಮೈದುನ ಈರಣ್ಣ ಅಲ್ಲಿ ಹೋಟೆಲು ಇಟ್ಟಿದ್ದಾನೆ. ಪಂಥ ನಡೆಯುತ್ತಿದ್ದದ್ದು ಅದೇ ಹೋಟೆಲಿನಲ್ಲಿ.

ಅಂದಿನಿಂದ ಆಫೀಸಿನ ಗಾಳಿ ಬದಲಾಯಿತು. ಕಪಾಟಿಗೆ ಹೊಸ ಬೀಗ ಬಂತು. ಒಳಗೆ ಬರುವಾಗ ಫೋನನ್ನು ಬಾಗಿಲ ಬಳಿಯ ಸ್ಟೀಲ್ ಡಬ್ಬಿಯಲ್ಲಿ ಇಡಬೇಕಾಯಿತು. ನನ್ನ ಮೇಜಿನ ಮೇಲೆಯೇ ಒಂದು ಸಿ.ಸಿ. ಕ್ಯಾಮೆರಾ ಕೂತಿತು. ಚಹಾ ತರುವವನು ಕೂಡ ಲೋಟ ಇಟ್ಟು ಮಾತಾಡದೆ ಹೋಗತೊಡಗಿದ. ನಾನು ಮನೆಯಲ್ಲಿ ಕೆಲಸದ ಸುದ್ದಿ ಎತ್ತುವುದನ್ನೇ ಬಿಟ್ಟೆ. ಗಂಡ ಲ್ಯಾಬ್ ಟೆಕ್ನಿಷಿಯನ್, ತಮ್ಮನಿಗೆ ಆಗಾಗ ಫೋನು ಮಾಡುವುದು ಅವರ ರೂಢಿ. ಈಗ ಅವರು ಫೋನು ಹಿಡಿದು ಅಂಗಳಕ್ಕೆ ಹೋದರೆ ನಾನು ಒಳಗಿನಿಂದ ಕಿವಿ ಕೊಡುತ್ತಿದ್ದೆ. ನನಗೇ ತಿಳಿಯದೆ ಊಟದ ಹೊತ್ತಿನಲ್ಲಿ ಬಾಯಿ ಬಿಟ್ಟಿದ್ದೇನೆಯೇ ಎಂದು ಹಿಂದಿನ ಮಾತುಗಳನ್ನೆಲ್ಲ ತಿರುವಿ ನೋಡುತ್ತಿದ್ದೆ.

ಸರ್ ಮೇಲೂ ಗುಮಾನಿ ಬಂತು. ರೆಕಾರ್ಡಿಂಗ್ ಮುಗಿದ ಕೂಡಲೇ ಅವರು ಡಬ್ಬಿಯಿಂದ ಫೋನು ತೆಗೆದುಕೊಂಡು ಹೊರಗಿನ ಬೇವಿನ ಮರದ ಕೆಳಗೆ ಹೋಗಿ ತಗ್ಗಿದ ದನಿಯಲ್ಲಿ ಮಾತಾಡುತ್ತಿದ್ದರು. ಮೈಕಿಲ್ಲದೆಯೂ ಬೀದಿಗೆ ಕೇಳುವಂತೆ ಮಾತಾಡುವ ಮನುಷ್ಯ ಯಾಕೆ ಪಿಸುಗುಡಬೇಕು? ಒಮ್ಮೆ ನೀರು ಕುಡಿಯುವ ನೆವದಲ್ಲಿ ಹತ್ತಿರ ಹೋದೆ. ಹೆಂಡತಿಗೆ ಸಕ್ಕರೆ ಕಾಯಿಲೆಯ ಗುಳಿಗೆ ನೆನಪಿಸುತ್ತಿದ್ದರು. ನನಗೆ ಅದೂ ಸಾಕಾಗಲಿಲ್ಲ. ನನ್ನನ್ನು ಕಂಡು ಮಾತು ತಿರುಗಿಸಿರಬಹುದು ಎನ್ನಿಸಿತು. ಅವರೂ ನನ್ನನ್ನು ಹೀಗೆಯೇ ನೋಡುತ್ತಿದ್ದರು. ನನ್ನ ಮೇಲೆ ಕಣ್ಣಿಡಲು ಮಾಲಕರು ಅವರಿಗೆ ಹೇಳಿದ್ದರೆಂದು ಆಮೇಲೆ ತಿಳಿಯಿತು.

ಇದು ಹೀಗೆ ನಡೆಯದು ಎಂದು ನಾನೇ ಒಂದು ಉಪಾಯ ಮಾಡಿದೆ. ಅವೇ ಎರಡು ತಂಡಗಳು ಆಡಿ ಒಮ್ಮೆ ಒಬ್ಬರು, ಇನ್ನೊಮ್ಮೆ ಎದುರಿನವರು ಗೆದ್ದ ಎರಡು ಪಂದ್ಯಗಳಿಗೆ ಸರ್ ದನಿ ಕೊಡಲಿ, ಎರಡರಲ್ಲಿ ಯಾವುದನ್ನು ಬಿಡುವುದೆಂದು ಪ್ರಸಾರದ ಗಳಿಗೆಯಲ್ಲಿ ನಾನೇ ಆರಿಸುತ್ತೇನೆ, ಅಲ್ಲಿಯವರೆಗೆ ಯಾರಿಗೂ ಹೇಳುವುದಿಲ್ಲ ಎಂದು ಮಾಲಕರಿಗೆ ತಿಳಿಸಿದೆ. ಅಂದು ಮಾನ್ವಿಯವರು ತಪ್ಪಿದರೆ ಸುದ್ದಿ ಮೊದಲೇ ಹೊರಗೆ ಹೋಗುತ್ತಿದೆ ಎಂದು ಸಾಬೀತಾಗುತ್ತದೆ. ಆಗ ಹುಡುಕುವುದು ಸುಲಭ. ಮಾಲಕರು ಒಪ್ಪಿದರು. ಮಾನ್ವಿಗೆ ತಮ್ಮ ಗಿರಣಿಯ ಒಬ್ಬ ಗುಮಾಸ್ತನನ್ನೂ ಕಳಿಸಿದರು.

ಆ ಸಂಜೆ ನಾನು ಎರಡರಲ್ಲಿ ಒಂದನ್ನು ಒತ್ತಿದೆ. ಸ್ವಲ್ಪ ಹೊತ್ತಿಗೆ ಗುಮಾಸ್ತನ ಫೋನು ಬಂತು. ಆಟ ಇನ್ನೂ ಕಾಲುಭಾಗ ಮುಗಿದಿರಲಿಲ್ಲ, ಹೋಟೆಲಿನವರೆಲ್ಲ ಫೋನಿನಲ್ಲಿ ಬೇರೆ ಊರಿನವರ ಜೊತೆ ಒಂದೇ ತಂಡದ ಮೇಲೆ ಕಟ್ಟಿದ್ದರು. ಅದೇ ತಂಡ ಗೆದ್ದಿತು.

ಮರುದಿನ ಮಾಲಕರು ನನ್ನನ್ನು ಕೂರಿಸಲೂ ಇಲ್ಲ. "ಯಾವುದು ಹಾಕ್ತಿ ಅನ್ನೋದು ನಿನಗೊಬ್ಬಾಕಿಗೆ ಗೊತ್ತಿತ್ತು. ಇನ್ನ ನಾ ಯಾರನ್ನ ಕೇಳ್ಲೆವ್ವಾ?" ಎಂದರು. ಆಮೇಲೆ, "ದೇವದುರ್ಗದ ಹಾಸ್ಟೆಲಿನಾಗ ಓದಿದಾಕಿ, ಕಷ್ಟ ಕಂಡಾಕಿ ಅಂತ ಕೆಲಸ ಕೊಟ್ಟೆ," ಎಂದು ಕಿಟಕಿಯ ಕಡೆ ನೋಡಿದರು.

ನನ್ನ ಅಪ್ಪ ಅವ್ವ ದೇವದುರ್ಗದಿಂದ ಹೋಗಿ ವರ್ಷದ ಅರ್ಧ ಪರ ಊರಿನ ಕಟ್ಟಡಗಳಲ್ಲಿ ದುಡಿದವರು. ಮಗಳು ಕಂಪ್ಯೂಟರ್ ಮುಂದೆ ಕೂತು ಕೆಲಸ ಮಾಡುತ್ತಾಳೆ ಎಂದು ಊರಿನಲ್ಲಿ ಹೇಳಿಕೊಳ್ಳುತ್ತಿದ್ದರು. ಕಳ್ಳಿ ಎನಿಸಿಕೊಂಡು ಆ ಮನೆಯ ಹೊಸ್ತಿಲು ಹೇಗೆ ತುಳಿಯಲಿ ಎಂಬುದೊಂದೇ ನನ್ನ ತಲೆಯಲ್ಲಿತ್ತು. ಸೋಮವಾರದಿಂದ ಬರಬೇಡ ಎಂದರು ಮಾಲಕರು.

ಬಾಗಿಲಲ್ಲಿ ನಿಂತಿದ್ದ ಪಂಪಾಪತಿ ಸರ್ ಆಗ ಒಳಗೆ ಬಂದರು. "ಒಂದು ಸಂಜಿ ಕೊಡ್ರಿ ನಮಗ. ನಾ ದನಿ ಕೊಟ್ಟು ಇಟ್ಟ ಪಂದ್ಯದಾಗ ಇವತ್ತಿಂದು ನೀವ ಆರಿಸ್ರಿ, ನೀವ ಮುಂದ ನಿಂತು ಹಾಕಿಸ್ರಿ. ನಾವಿಬ್ಬರೂ ಮಾನ್ವಿಗೆ ಹೋಗಿ ನೋಡ್ತೀವಿ," ಎಂದರು.

ಬಸ್ಸಿನಲ್ಲಿ ಇಬ್ಬರೂ ಮಾಸ್ಕು ಹಾಕಿಕೊಂಡು ಕೂತಿದ್ದೆವು. ಊರು ದಾಟಿ ಭತ್ತದ ಗದ್ದೆಗಳು ಶುರುವಾದ ಮೇಲೆ ಸರ್ ಕೇಳಿದರು.

"ರೇಣುಕಾ, ಬ್ಯಾಸರ ಮಾಡ್ಕೋಬ್ಯಾಡ. ನೀ ಹೇಳಿಲ್ಲಲ್ಲ?"

"ನೀವು ಹೇಳೀರೇನ್ರಿ ಸರ್?"

ಅವರು ನನ್ನನ್ನೇ ನೋಡಿದರು. "ನನ್ನ ಮ್ಯಾಲೂ ಬಂತೇನವ್ವಾ ನಿನ್ನ ಗುಮಾನಿ?"

"ಬೇವಿನ ಗಿಡದ ಕೆಳಗ ಯಾರ ಜೋಡಿ ಮಾತಾಡ್ತೀರಿ ಅಂತ ಕದ್ದು ಕೇಳೀನ್ರಿ."

"ಏನು ಕೇಳಿಸ್ತು?"

"ಗುಳಿಗಿ ನುಂಗು ಅಂತ."

ಅವರು ಮಾಸ್ಕಿನೊಳಗೇ ನಕ್ಕರು. "ಇಪ್ಪತ್ತು ವರ್ಷದಾಗ ಆಕಿ ಒಂದು ದಿನ ನನ್ನ ಕಾಮೆಂಟರಿ ಕೇಳಿಲ್ಲ. ಗುಳಿಗಿ ಮಾತರ ಕೇಳ್ಲಿ ಅಂತ," ಎಂದರು. ನಾನೂ ನಕ್ಕೆ. ಆದರೂ ಅನುಮಾನ ಪೂರ್ತಿ ಹೋಗಿರಲಿಲ್ಲ. ಇಬ್ಬರಲ್ಲೂ.

ಈರಣ್ಣನ ಹೋಟೆಲು ಬಸ್ ನಿಲ್ದಾಣದ ಹಿಂದಿನ ಬೀದಿಯಲ್ಲಿ. ಬಾಗಿಲ ಬಳಿ ಭಜಿಯ ಬಾಣಲೆ, ಒಳಗೆ ಗೋಡೆಗೆ ಎತ್ತರದಲ್ಲಿ ಟಿ.ವಿ. ಜನ ಕಿಕ್ಕಿರಿದಿದ್ದರು. ಸರ್ ಮೂಲೆಯ ಬೆಂಚಿನಲ್ಲಿ ಕೂತರು. ಮುಖಕ್ಕೆ ಮಾಸ್ಕು, ತಲೆಗೆ ಟವೆಲ್ಲು. ಗುರುತು ಸಿಗುವ ಭಯ ಇದ್ದದ್ದು ದನಿಯಿಂದ ಮಾತ್ರ. ಆದ್ದರಿಂದ ಬಾಯಿ ಬಿಡಬೇಡಿ ಎಂದು ಅವರಿಂದ ಭಾಷೆ ತೆಗೆದುಕೊಂಡಿದ್ದೆ. ಚಹಾ ಬೇಕೇ ಎಂದು ಕೇಳಿದರೂ ಕೈಸನ್ನೆ ಮಾಡಿದರು. ಈರಣ್ಣ ನನ್ನನ್ನು ಕಂಡು, "ಏನ್ ವೈನಿ, ಇದ್ದಕ್ಕಿದ್ದಂಗ?" ಎಂದ. ಆಫೀಸಿನವರೊಬ್ಬರಿಗೆ ಊರು ತೋರಿಸಲು ಬಂದೆ ಎಂದೆ. ಅವನು ಅದನ್ನು ನಂಬಿದಂತೆ ಕಾಣಲಿಲ್ಲ.

ಆಟ ಶುರುವಾಯಿತು. ಮಾಲಕರು ಆರಿಸಿದ್ದು ದೇವದುರ್ಗ ಮತ್ತು ಕವಿತಾಳದ ಪಂದ್ಯ. ಮುಂದಿನ ಸಾಲಿನವನೊಬ್ಬ, "ಹೇಳ್ರೆಪ್ಪಾ, ಯಾರ ಮ್ಯಾಲ?" ಎಂದು ಕೂಗಿದ.

"ತಡಿಯಲೇ," ಎಂದ ಇನ್ನೊಬ್ಬ. "ಸರ್ ಇನ್ನೂ ಬಾಯಿ ಬಿಟ್ಟಿಲ್ಲ."

ನಾನು ತಟ್ಟನೆ ಪಕ್ಕದಲ್ಲಿ ಕೂತ ಸರ್ ಕಡೆ ನೋಡಿದೆ. ಅವರ ಕಣ್ಣು ಟಿ.ವಿ.ಯಲ್ಲಿತ್ತು. ಅಲ್ಲಿಂದ ಅವರದೇ ದನಿ ಬರತೊಡಗಿತು.

"ದೇವದುರ್ಗದ ಹುಡುಗರ ಸಾಲು ನೋಡ್ರಿ, ಎಷ್ಟು ಚಂದ ಕೈ ಕೈ ಹಿಡದಾರ! ಇಂಥಾ ಡಿಫೆನ್ಸ್ ಅಪರೂಪ್ರೀ..." ಅಷ್ಟರಲ್ಲಿ ಕವಿತಾಳದ ರೈಡರ್, ಅಂದರೆ ಎದುರು ಅಂಗಳಕ್ಕೆ ನುಗ್ಗುವವನು, ಗೆರೆ ದಾಟಿ ಬರಿಗೈಲಿ ಮರಳಿದ. "ಏನಪ್ಪಾ ಕವಿತಾಳ, ವಾಯುಸೇವನೆಗೆ ಬಂದೀಯೇನು? ಮುಟ್ಟಬೇಕಪ್ಪಾ, ಮುಟ್ಟಬೇಕು!"

"ಕವಿತಾಳ!" ಎಂದು ಹೋಟೆಲೇ ಒಂದಾಗಿ ಕೂಗಿತು.

ನನ್ನ ಮುಂದೆ ಕೂತವನ ಭುಜ ಮುಟ್ಟಿ ಕೇಳಿದೆ. "ಇನ್ನೂ ಎರಡು ರೈಡೂ ಆಗಿಲ್ಲಲ್ರೀ ಅಣ್ಣಾ, ಕವಿತಾಳ ಅಂತ ಹೆಂಗ ಹೇಳ್ತೀರಿ?"

"ಬೈದ್ರಲ್ಲಕ್ಕಾ."

"ಯಾರು?"

"ಸರ್. ಅವರು ಯಾರನ್ನ ಬೈತಾರ ಅವರು ಗೆಲ್ತಾರ. ಯಾರನ್ನ ಹೊಗಳ್ತಾರ ಅವರ ಕಥಿ ಮುಗೀತು." ಅವನು ಚಹಾ ಹೀರಿ ಮತ್ತೆ ತಿರುಗಿದ. "ನಮ್ಮೂರ ಟೀಮ್ ಆಡಿದ ದಿನ ನನ್ನ ಹೇಣ್ತಿ ಮೊದಲನೇ ಮಾತಿಗೇ ಟೀವಿ ಬಂದ್ ಮಾಡಿದ್ಲು. ಮಾನ್ವಿಯ ಮಕ್ಕಳು ಮುತ್ತಿನಂಥೋರು ಅಂದಿದ್ರು ಸರ್. ತಗೊಳ್ರಪ್ಪಾ, ಮುಳುಗಿದ್ವಿ ಅಂದ್ಲು."

ಸುತ್ತಲಿನವರು ಗೊಳ್ಳೆಂದು ನಕ್ಕರು. "ಚಂದ್ರಬಂಡದಾವ ಒಬ್ಬ ಬಂದಿದ್ದ ನೋಡ್ರಿ," ಎಂದ ಮತ್ತೊಬ್ಬ, "ಸರ್ ಹೊಗಳಾಕತ್ತಾರಂತ ಆ ಟೀಮಿನ ಮ್ಯಾಲೇ ಗಾಡಿ ಕಟ್ಟಿಬಿಟ್ಟ. ಊರಿಗೆಲ್ಲಾ ಗೊತ್ತಿದ್ದದ್ದು ಅವಂಗೊಬ್ಬಂಗ ಗೊತ್ತಿಲ್ಲ."

ಹೊರಗೆ ಸುದ್ದಿ ಹೇಳಿದವರು ಯಾರೂ ಇರಲಿಲ್ಲ. ಬೀಗ, ಡಬ್ಬಿ, ಕ್ಯಾಮೆರಾ, ನನ್ನ ಉಪಾಯ ಯಾವುದೂ ತಡೆಯಲಾರದ ಜಾಗದಲ್ಲಿ ಗುಟ್ಟು ಇತ್ತು. ನಾನು ಆ ದನಿಯನ್ನು ದಿನವೂ ಕೇಳಿ, ಕೆಮ್ಮು ಕತ್ತರಿಸಿ, ಏರಿಳಿತ ಸರಿಮಾಡಿದವಳು. ನನ್ನ ಗಮನ ಸದ್ದಿನ ಮೇಲಿತ್ತು, ಮಾತಿನ ಮೇಲಿರಲಿಲ್ಲ.

ಆಗ ಸರ್ ಕೊಟ್ಟ ಭಾಷೆ ಮರೆತರು. "ಪಾಪ, ಸೋಲೋರಿಗೆ ಒಂದು ಒಳ್ಳೆ ಮಾತು ಬ್ಯಾಡೇನ್ರಿ?" ಎಂದುಬಿಟ್ಟರು.

ಟಿ.ವಿ.ಯಲ್ಲಿ ಒಂದು ದನಿ, ಬೆಂಚಿನಲ್ಲಿ ಅದೇ ದನಿ. ಈರಣ್ಣನ ಜಾಲರಿ ಎಣ್ಣೆಯ ಮೇಲೆಯೇ ನಿಂತಿತು. "ಯಪ್ಪಾ, ಸರ್ ಅದಾರಲೇ!" ಎಂದು ಯಾರೋ ಎದ್ದರು. ಕೆಲವರು ಹಿಂಬಾಗಿಲಿನಿಂದ ಓಡಿದರು. ಒಬ್ಬ ಬಂದು ಕಾಲು ಮುಟ್ಟಿ, "ತಪ್ಪಾತ್ರಿ ಸರ್, ಆದ್ರ ನೀವು ಹಿಂಗ ಮಾತಾಡ್ರಿ, ಬದಲ್ ಮಾಡಬ್ಯಾಡ್ರಿ," ಎಂದ. ಸರ್ ಅವನ ತಲೆಗೆ ಮೊಟಕಿದರು. ಚಂದ್ರಬಂಡದವನ ಗಾಡಿ ಮರಳಿ ಕೊಡದಿದ್ದರೆ ಇನ್ನು ಮಾನ್ವಿಯ ಒಂದು ಪಂದ್ಯಕ್ಕೂ ದನಿ ಕೊಡುವುದಿಲ್ಲ ಎಂದರು. ಗಾಡಿ ಮರುವಾರ ಊರು ಸೇರಿತು.

ಮರಳುವಾಗ ಬಸ್ಸಿನಲ್ಲಿ ಅವರು ಕಿಟಕಿಗೆ ತಲೆ ಆನಿಸಿ ಕೂತಿದ್ದರು. "ಮೈದಾನದಾಗ ಹಿಂಗ ಆಗಂಗಿಲ್ಲವ್ವಾ," ಎಂದರು. "ಅಲ್ಲಿ ಯಾರು ಗೆಲ್ತಾರ ನನಗೂ ಗೊತ್ತಿರಂಗಿಲ್ಲ. ಇಲ್ಲಿ ಮೊದಲ ನೋಡಿ ಬಂದಿರ್ತೀನಿ. ಸೋತು ಕುಂತ ಹುಡುಗರ ಮುಖ ಕಣ್ಣಾಗ ಇರ್ತದ. ಬೈಯಾಕ ಬಾಯಿ ಬರಂಗಿಲ್ಲ. ಗೆದ್ದೋರಿಗೇನು, ಎಷ್ಟು ಬೈದ್ರೂ ನಡೀತದ."

ಮಾಲಕರು ಸುಲಭಕ್ಕೆ ನಂಬಲಿಲ್ಲ. ಇದು ನೀವಿಬ್ಬರೂ ಬಸ್ಸಿನಲ್ಲಿ ಕೂತು ಕಟ್ಟಿದ ಕಥೆ ಎಂದರು. ಅವರು ಆವರೆಗೆ ಒಂದು ಸಂಚಿಕೆಯನ್ನೂ ಕೂತು ನೋಡಿರಲಿಲ್ಲ. ನಾನು ಹಳೆಯ ಸಂಚಿಕೆಗಳನ್ನು ತೆರೆದು ಪ್ರತಿಯೊಂದರ ಆರಂಭವನ್ನಷ್ಟೇ ಕೇಳಿಸಿ, ಯಾರು ಗೆಲ್ಲುತ್ತಾರೆ ಹೇಳಿ ಎಂದೆ. ಮೊದಲನೆಯದಕ್ಕೆ ಅನುಮಾನದಿಂದ ಉತ್ತರಿಸಿದರು. ಆಮೇಲೆ ಚಿತ್ರ ನೋಡುವುದನ್ನೇ ಬಿಟ್ಟು, ಕಣ್ಣು ಮುಚ್ಚಿಕೊಂಡು ಒಂದೊಂದಾಗಿ ಹೇಳುತ್ತ ಹೋದರು. ಒಂದೂ ತಪ್ಪಲಿಲ್ಲ. "ಥೂ ನಿಮ್ಮ, ಅಕ್ಕಿ ಮಾರೋನಿಗೂ ತಿಳೀತದಲ್ಲೋ!" ಎಂದು ನಕ್ಕರು. ನನಗೆ ಸೋಮವಾರದಿಂದ ಬಾ ಎಂದರು. ಕ್ಷಮೆ ಕೇಳಲಿಲ್ಲ, ನಾನೂ ನಿರೀಕ್ಷಿಸಿರಲಿಲ್ಲ.

ಮುಂದೇನು ಎಂಬ ಪ್ರಶ್ನೆ ಉಳಿಯಿತು. ಸರ್ ಒಂದು ಹೊಸ ಪದ್ಧತಿ ಹೇಳಿದರು. ಇನ್ನು ಮೇಲೆ ಅವರು ಆಟವನ್ನು ಮೊದಲೇ ನೋಡುವುದಿಲ್ಲ; ಮೈದಾನದಲ್ಲಿ ಅಂದು ಕಂಡದ್ದು ಅವರಿಗೂ ಎಂದೋ ಮರೆತಿತ್ತು. ನಾನು ನೋಡಿ, ಕತ್ತರಿಸಿ, ತಯಾರು ಮಾಡಿ ಇಡುವುದು. ಅವರು ಗಾಜಿನ ಕೋಣೆಯಲ್ಲಿ ಮೊದಲ ಸಲ ನೋಡುತ್ತಲೇ ದನಿ ಕೊಡುವುದು.

ಮಾಲಕರ ಹುಬ್ಬು ಏರಿತು. "ಅಂದ್ರ ಫಲಿತಾಂಶ ಈಕಿಗೊಬ್ಬಾಕಿಗೆ ಗೊತ್ತಿರೋದು? ಮಾನ್ವಿ ಸೊಸಿಗೆ?"

"ಹೌದು," ಎಂದರು ಸರ್. "ಆಕಿಗೇ."

ಅಂದಿನಿಂದ ರೆಕಾರ್ಡಿಂಗಿನ ಹೊತ್ತಿಗೆ ನಾನು ಬಂದರೆ ಅವರು ಗೋಡೆಯ ಕಡೆ ಮುಖ ಮಾಡುತ್ತಿದ್ದರು. "ನಿನ್ನ ಮುಖ ನೋಡಿದ್ರ ತಿಳೀತದ, ಆ ಕಡೆ ಹೋಗವ್ವಾ," ಎನ್ನುತ್ತಿದ್ದರು. ಆಟಗಾರರ ಹೆಸರು ತಪ್ಪಾದವು, ಮಾತು ತಡವರಿಸಿತು. ಆದರೆ ಕೊನೆಯ ರೈಡಿನಲ್ಲಿ ಅವರು ಕುರ್ಚಿಯಿಂದ ಏಳುತ್ತಿದ್ದುದನ್ನು ನಾನು ಗಾಜಿನ ಆಚೆಯಿಂದ ನೋಡಿದ್ದೇನೆ. ಮಾನ್ವಿಯಲ್ಲಿ ಪಂಥ ನಿಂತಿತು. ಈಗ ಹೋಟೆಲಿನಲ್ಲಿ ಭಜಿ ಹೆಚ್ಚು ಖರ್ಚಾಗುತ್ತದೆ ಎಂದು ಈರಣ್ಣ ಹೇಳಿದ. ಕೊನೆಯವರೆಗೆ ಯಾರೂ ಏಳುವುದಿಲ್ಲವಂತೆ.

ಈ ಕೆಲಸ ನನಗೆ ಕಲಿಸಿದ್ದು ಒಂದೇ. ಕೊನೆ ಗೊತ್ತಿರುವವರ ದನಿ ತಾನಾಗಿ ಮೆತ್ತಗಾಗುತ್ತದೆ, ಎದುರಿನವರು ಅದನ್ನು ಕೇಳಿಸಿಕೊಳ್ಳುತ್ತಾರೆ. ಇದು ಚೆನ್ನಾಗಿ ಗೊತ್ತಿದ್ದೂ ನನ್ನಿಂದ ನಿಭಾಯಿಸಲು ಆಗಲಿಲ್ಲ. ಈ ಬೇಸಿಗೆಯಲ್ಲಿ ಸರ್ ದವಾಖಾನೆಯಲ್ಲಿದ್ದಾಗ ಡಾಕ್ಟರು ಅವರ ಹೆಂಡತಿಯನ್ನೂ ನನ್ನನ್ನೂ ಹೊರಗೆ ಕರೆದು ಇನ್ನು ಹೆಚ್ಚು ದಿನವಿಲ್ಲ ಎಂದರು. ನಾನು ಕಣ್ಣೊರೆಸಿಕೊಂಡು ಒಳಗೆ ಹೋಗಿ ಮಂಚದ ಪಕ್ಕ ಕೂತೆ.

"ನಿಮ್ಮಂಥಾ ದನಿ ಈ ಜಿಲ್ಲಾದಾಗ ಯಾರಿಗೂ ಇಲ್ರಿ ಸರ್," ಎಂದೆ.

ಅವರು ನಿಧಾನವಾಗಿ ಕಣ್ಣು ತೆರೆದರು. "ಹೊಗಳಾಕ ಶುರು ಮಾಡಿದೇನು?"

ಗೋಡೆಯ ಕಡೆ ಮುಖ ತಿರುಗಿಸಬೇಕೆಂದುಕೊಂಡೆ, ಆಗಲಿಲ್ಲ. ಅವರೇ ನನ್ನ ಕೈ ತಟ್ಟಿದರು.

"ಇರ್ಲಿ. ಸ್ವಲ್ಪ ಬೈಯವ್ವಾ ಈಗ," ಎಂದರು.

ನಾನು ಬೈದೆ. ಗುಳಿಗೆ ದಿಂಬಿನ ಕೆಳಗೆ ಬಚ್ಚಿಡುತ್ತೀರಿ ಎಂದು, ನರ್ಸಮ್ಮನಿಗೆ ಸುಳ್ಳು ಹೇಳುತ್ತೀರಿ ಎಂದು, ಒಂದು ಪಂದ್ಯವನ್ನಾದರೂ ಹೆಸರು ತಪ್ಪದೆ ಹೇಳಿದ್ದೀರೇನು ಎಂದು. ಅವರು ಕಣ್ಣು ಮುಚ್ಚಿ ಕೇಳುತ್ತ ನಗುತ್ತಿದ್ದರು. ನಾನು ನಿಲ್ಲಿಸಿದಾಗಲೆಲ್ಲ ಬೆರಳು ಅಲ್ಲಾಡಿಸಿ, ಇನ್ನೂ ಬೈ ಎಂದು ಸನ್ನೆ ಮಾಡುತ್ತಿದ್ದರು.